ಹನ್ನೊಂದು ಎಂಬಿಯ ಪ್ರೇಮಕಥೆ

ಅಡಿಕೆ ಸುಲಿಯೋ ದಿನಗಳಲ್ಲಿ ನಮ್ಮನೆ ಜಗುಲಿಯ ಮೇಲೆ ರಾತ್ರಿ ಹತ್ತರವರೆಗೂ ಮೆಟ್ಟುಗತ್ತಿಯದೇ ಸದ್ದು. ಕೈಗೆ ಕೆಲಸ, ಕಿವಿ ಖಾಲಿ. ಡಿಸೆಂಬರಿನಲ್ಲಿ ರಜೆ ಹಾಕಿ ಶಿರಸಿಗೆ ಹೋಗಿದ್ದೆ. ಆಯಿ ಕೇಳಿದಳು, “ಕೂಸೇ, ಲತಾ ಹಾಡಿದ್ದು, ಪಾಕಿಸ್ತಾನದ ಹುಡುಗಿ ಸಿನಿಮಾ ಇದ್ದಲೇ, ನಿನ್ನ ಮೊಬೈಲಲ್ಲಿ ಬತ್ತನೇ?”

‘ವೀರ್-ಜಾರಾ’, 2004ರದ್ದು. 1975ರಲ್ಲೇ ತೀರಿಕೊಂಡ ಸಂಗೀತ ನಿರ್ದೇಶಕ ಮದನ್ ಮೋಹನ್ ಬಿಟ್ಟುಹೋದ ರಾಗಗಳನ್ನು ಮಗ ಸಂಜೀವ್ ಕೊಹ್ಲಿ ಹೊರತೆಗೆದು, ಲತಾ ಕೈಲಿ ಹಾಡಿಸಿದ್ದು ಆಯಿಯ ಪ್ರಕಾರ ಪವಾಡ. ಕಥೆ ಅವಳಿಗೆ ಆಮೇಲೆ.

ನಮ್ಮಲ್ಲಿ ನೆಟ್‌ವರ್ಕ್ ಸಿಗೋದು ಕೊಟ್ಟಿಗೆ ಹಿಂದಿನ ಹಲಸಿನ ಮರದ ಬುಡದಲ್ಲಿ ಮಾತ್ರ. ಅಲ್ಲಿ ನಿಂತು, ಹಳೇ ಸಿನಿಮಾಕ್ಕೂ ದುಡ್ಡು ಕೊಡಬೇಕಾ ಎನ್ನೋ ಜಿಪುಣತನದಲ್ಲಿ ಯಾವುದೋ ಗ್ರೂಪಿನ ಲಿಂಕ್ ಒತ್ತಿದೆ. ಮೂರು ಗಂಟೆಗೂ ಮೀರಿದ ಚಿತ್ರ ಹನ್ನೊಂದೇ ಎಂಬಿಯಲ್ಲಿ ಇಳಿದಾಗಲೇ ತಲೆಗೆ ಹೊಳೆಯಬೇಕಿತ್ತು. ಹೆಸರಲ್ಲಿ ‘ಎಂಪಿ4’ ಕಂಡು ಖುಷಿಪಟ್ಟೆ, ಅದರ ಬಾಲಕ್ಕಿದ್ದ ‘ಎಪಿಕೆ’ ಕಾಣಲಿಲ್ಲ. ಅದು ಸಿನಿಮಾ ಅಲ್ಲ, ಆ್ಯಪ್. ಫೋನೇ ಬೇಡ ಅಂತ ಎಚ್ಚರಿಸಿತು, ಮುಂದುವರಿಸಿದೆ. ಎಸ್ಸೆಮ್ಮೆಸ್ ಓದಲು ಅನುಮತಿ ಕೇಳಿತು, ಕೊಟ್ಟೆ. ಸಿನಿಮಾ ತೋರಿಸೋದಕ್ಕೆ ನನ್ನ ಮೆಸೇಜು ಯಾಕಪ್ಪಾ ಅಂತ ಕೇಳಿಕೊಳ್ಳಲೂ ಇಲ್ಲ. ಒಂದು ರೂಪಾಯಿ ಕಟ್ಟಿ ಅಂದಿತು, ಕಾರ್ಡ್ ನಂಬರನ್ನೂ ಹಾಕಿದೆ. ಆಮೇಲೆ ಐಕಾನೇ ಮಾಯ.

ಆ ಚಿತ್ರದ ನಾಯಕ ಪ್ರೀತಿಸಿದವಳ ಮಾನಕ್ಕಾಗಿ ಲಾಹೋರಿನ ಜೈಲಿನಲ್ಲಿ 786ನೇ ಕೈದಿಯಾಗಿ, ತನ್ನ ಹೆಸರನ್ನೂ ಬಾಯಿಬಿಡದೆ 22 ವರ್ಷ ಕೂತವನು. ನಾನು ಅರ್ಧ ನಿಮಿಷದಲ್ಲಿ ಎಲ್ಲ ಒಪ್ಪಿಸಿಬಿಟ್ಟಿದ್ದೆ.

ಬೆಳಿಗ್ಗೆ ಮಾರಿಕಾಂಬಾ ದೇವಸ್ಥಾನದ ಹತ್ತಿರದ ಅಂಗಡಿಯಲ್ಲಿ ಸ್ಕ್ಯಾನ್ ಮಾಡಿದರೆ ಖಾತೆಯಲ್ಲಿ ಹಣವಿಲ್ಲ. ಎರಡು ಸಲಕ್ಕೆ 18,400 ರೂಪಾಯಿ ಹೋಗಿತ್ತು. ಓಟಿಪಿಗಳು ನನ್ನ ಕಣ್ಣಿಗೆ ಬೀಳೋ ಮೊದಲೇ ಅತ್ತ ಯಾರೋ ಓದಿಕೊಂಡಿದ್ದರು. ತಮ್ಮನ ಫೋನಿನಿಂದ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಿದೆ. ಆ ಕಡೆಯವರು ಬೈಯಲಿಲ್ಲ. ಖಾತೆ, ಹೊತ್ತು, ಮೊತ್ತ ಬರೆದುಕೊಂಡು ದೂರಿನ ಸಂಖ್ಯೆ ಕೊಟ್ಟರು. ಆರು ಸಾವಿರ ಮಧ್ಯದಲ್ಲೆಲ್ಲೋ ತಡೆದು ನಿಂತು, ತಿಂಗಳುಗಟ್ಟಲೆ ಕಾದ ಮೇಲೆ ವಾಪಸ್ ಬಂತು. ಉಳಿದದ್ದು ಹೋಯಿತು. ಕಾರ್ಡ್ ಬ್ಲಾಕ್ ಮಾಡಿಸಿ, ಫೋನನ್ನು ಪೂರ್ತಿ ಅಳಿಸಿ ಹೊಸದಾಗಿ ಶುರುಮಾಡಿದೆ. ಆಯಿಯ ಹಿಂದಿನ ವರ್ಷದ ದೀಪಾವಳಿ ಫೋಟೋಗಳೂ ಅದರ ಜೊತೆ ಹೋದವು. ನನಗೆ ದುಡ್ಡಿಗಿಂತ ಅದೇ ಹೊಟ್ಟೆ ಉರಿಸಿದ್ದು.

ಸಂಜೆ ತಮ್ಮನ ಫೋನಲ್ಲೇ ಬಾಡಿಗೆ ಕಟ್ಟಿ, ಹಲಸಿನ ಮರದಡಿ ಮುಕ್ಕಾಲು ಗಂಟೆ ನಿಂತು ಸಿನಿಮಾ ಇಳಿಸಿಕೊಂಡೆ. ಅಡಿಕೆ ಬುಟ್ಟಿಗೆ ಫೋನ್ ಆನಿಸಿ ಇಟ್ಟೆವು. ಕೋರ್ಟಿನಲ್ಲಿ ಇಬ್ಬರೂ ನರೆಗೂದಲಲ್ಲಿ ಎದುರಾದಾಗ ಆಯಿಯ ಕೈ ನಿಂತಿತು. ಅರ್ಧ ಸುಲಿದ ಅಡಿಕೆ ಬೆರಳ ಸಂದಿಯಲ್ಲೇ ಉಳಿಯಿತು.

ಮುಗಿದ ಮೇಲೆ ಸೆರಗಲ್ಲಿ ಮೂಗು ಒರೆಸಿಕೊಂಡು ಕೇಳಿದಳು, “ಇದಕ್ಕೆ ಎಷ್ಟು ಕೊಟ್ಯೇ?”

“ನೂರು ಚಿಲ್ಲರೆ, ಆಯಿ.”

ತಮ್ಮ ನನ್ನ ಮುಖವನ್ನೇ ನೋಡಿದ.

“ಅಡ್ಡಿಲ್ಲೆ, ಕೊಡ್ಲಕ್ಕು,” ಅಂದಳು ಆಯಿ, ಮುಂದಿನ ಅಡಿಕೆ ಎತ್ತಿಕೊಳ್ಳುತ್ತ.