ಮುತ್ತತ್ತಿಯ ಬೂದು ಅಳಿಲನ್ನು ನೋಡಹೊರಟವರಿಗೆ

ಕಾವೇರಿ ವನ್ಯಜೀವಿಧಾಮದ ಬೂದು ಬಣ್ಣದ ದೊಡ್ಡ ಅಳಿಲನ್ನು ನೋಡಬೇಕೆನ್ನುವವರು ಶನಿವಾರ, ಭಾನುವಾರ ಕಾವೇರಿ ದಂಡೆಯ ಮುತ್ತತ್ತಿಗೆ ಹೋಗಲೇಬೇಡಿ. ಆಂಜನೇಯನ ದರ್ಶನಕ್ಕೆ ಬರುವ ಭಕ್ತರ ಜೊತೆಗೆ ಹೊಳೆಯಲ್ಲಿ ಈಜಲು, ದಂಡೆಯಲ್ಲಿ ಅಡುಗೆ ಮಾಡಿ ಉಣ್ಣಲು ಬರುವವರೂ ಸೇರುವುದರಿಂದ ಮರದ ಮೇಲಿನ ಸದ್ದು ಕಿವಿಗೆ ಬೀಳುವುದೇ ಇಲ್ಲ. ನನಗಂತೂ ಅಂಥ ಗದ್ದಲದಲ್ಲಿ ಅರ್ಧ ಗಂಟೆ ನಿಲ್ಲುವುದೂ ಕಷ್ಟ.

ನಾವು ತಂಗಿದ್ದ ಖಾಸಗಿ ರೆಸಾರ್ಟಿನವರು ಕಿಟಕಿಯಿಂದಲೇ ಅಳಿಲು ಕಾಣುತ್ತದೆಂದು ಫೋನಿನಲ್ಲಿ ಹೇಳಿ, ಒಂದು ರಾತ್ರಿಗೆ 6,000 ರೂಪಾಯಿ ಮುಂಗಡವಾಗಿ ಪಡೆದಿದ್ದರು. ಹೋಗಿ ನೋಡಿದರೆ ಕೋಣೆ ಹೊಳೆಯಿಂದ ಬಹುದೂರ, ಕುರುಚಲು ಗುಡ್ಡದ ಬದಿಗಿತ್ತು. ಕಿಟಕಿಯ ಹೊರಗೆ ಕಂಡದ್ದು ಜಾಲಿಯ ಪೊದೆ ಮತ್ತು ರಾತ್ರಿಯಿಡೀ ಗುಡುಗುಟ್ಟಿದ ಜನರೇಟರ್. ಹಣ ವಾಪಸು ಕೇಳಿದಾಗ ಯಾರೂ ಉತ್ತರಿಸಲಿಲ್ಲ. ಆದ್ದರಿಂದ ಕೋಣೆ ಗೊತ್ತುಮಾಡುವ ಮುನ್ನ ಹೊಳೆಯಂಚಿನ ಮರಗಳು ಎಷ್ಟು ದೂರವೆಂದು ವಿಚಾರಿಸಿಕೊಳ್ಳಿ. ಒಂದರ ಕೊಂಬೆ ಇನ್ನೊಂದಕ್ಕೆ ತಾಗುವಂತೆ ಬೆಳೆದ ಹೊಳೆಮತ್ತಿ, ಹುಣಸೆ, ನೇರಳೆ ಮರಗಳ ಸಾಲೇ ಈ ಅಳಿಲಿನ ದಾರಿ. ಗೂಡು ಕಟ್ಟುವುದೂ ಆ ನೆತ್ತಿಯಲ್ಲಿಯೇ.

ನಮಗೆ ಅದು ಕಂಡದ್ದು ವಾರದ ನಡುವಿನ ಒಂದು ಮುಂಜಾನೆ, ಭೀಮೇಶ್ವರಿಯ ಕಡೆಗಿನ ರಸ್ತೆಯಲ್ಲಿ. ಹುಣಸೆಯ ಸಿಪ್ಪೆಯ ಚೂರುಗಳು ಮುಂದೆ ಉದುರತೊಡಗಿದಾಗ ತಲೆಯೆತ್ತಿದೆವು. ಮುಂಗಾಲುಗಳೆರಡರಲ್ಲೂ ಕಾಯಿ ಹಿಡಿದು, ನರೆತಂತೆ ಕಾಣುವ ಉದ್ದನೆಯ ಬಾಲವನ್ನು ಕೊಂಬೆಯಿಂದ ಇಳಿಬಿಟ್ಟು ಅದು ನಿಶ್ಚಿಂತೆಯಿಂದ ತಿನ್ನುತ್ತಿತ್ತು.

ದಕ್ಷಿಣ ಭಾರತ ಮತ್ತು ಶ್ರೀಲಂಕಾ ಬಿಟ್ಟರೆ ಜಗತ್ತಿನಲ್ಲಿ ಬೇರೆಲ್ಲೂ ಇರದ, 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಲ್ಲಿ ಅತಿ ಹೆಚ್ಚಿನ ರಕ್ಷಣೆ ಕೊಡುವ ಒಂದನೆಯ ಅನುಸೂಚಿಯಲ್ಲಿರುವ ಪ್ರಾಣಿಯಿದು. ಕರ್ನಾಟಕದಲ್ಲಿ ಅದಕ್ಕೆ ಆಸರೆಯಾಗಿರುವ ಈ ಕಾಡಿಗೆ 1987ರಲ್ಲಿ ವನ್ಯಜೀವಿಧಾಮದ ರಕ್ಷಣೆ ದೊರೆಯಿತು. ಇದೇ ಹೊಳೆಗೆ ಮೇಕೆದಾಟಿನಲ್ಲಿ, ಬೆಂಗಳೂರಿನ ಕುಡಿಯುವ ನೀರಿಗೆಂದು, ಸುಮಾರು 67 ಟಿಎಂಸಿ ನೀರು ಹಿಡಿಯುವ ಜಲಾಶಯದ ಪ್ರಸ್ತಾವವಿದ್ದು, ಅದು ಜಾರಿಯಾದರೆ ಸುಮಾರು 5,000 ಹೆಕ್ಟೇರ್ ನೆಲ ಮುಳುಗುತ್ತದೆ, ಅದರಲ್ಲಿ ಬಹುಪಾಲು ಕಾಡೇ. ಬೆಂಗಳೂರಿನ ನಲ್ಲಿಯ ನೀರಿಗಾಗಿ ಕಾಯುವವರ ಕಷ್ಟ ನನಗೂ ಗೊತ್ತು. ಆದರೂ ಮೊದಲು ನೀರಿನಡಿ ಹೋಗುವುದು ಹೊಳೆಗೆ ಅಂಟಿಕೊಂಡ ಈ ಮರಸಾಲುಗಳು, ಮೇಲಿನ ಒಣಗುಡ್ಡದಲ್ಲಿ ಅಂಥ ಮರಗಳಿಲ್ಲ ಎಂಬುದನ್ನು ನೆನೆದರೆ ಸಂಕಟವಾಗುತ್ತದೆ.

ಬಿಸಿಲೇರಿದ ಮೇಲೆ ಅಳಿಲು ಎಲೆಗಳ ನಡುವೆ ಮಲಗಿಬಿಡುವುದರಿಂದ ಆ ಹೊತ್ತಿಗೆ ಹಲಗೂರಿಗೆ ಬಂದು ಊಟ ಮಾಡಿ. ಬಸ್ ನಿಲ್ದಾಣದ ಸಮೀಪದ ಹೆಂಚಿನ ಮನೆಯ ಹೋಟೆಲಿನಲ್ಲಿ 60 ರೂಪಾಯಿಗೆ ಬಿಸಿ ಮುದ್ದೆ, ಸೊಪ್ಪಿನ ಉಪ್ಸಾರು, ಬೆಳ್ಳುಳ್ಳಿ ಹಾಕಿ ರುಬ್ಬಿದ ಖಾರ, ಅನ್ನ, ಮಜ್ಜಿಗೆ ಸಿಗುತ್ತದೆ. ಅಲ್ಲಿನ ಅಮ್ಮ ಎರಡನೆಯ ಮುದ್ದೆಯನ್ನು ಕೇಳುವ ಮೊದಲೇ ತಟ್ಟೆಗೆ ಹಾಕುತ್ತಾರೆ. ಎರಡು ಗಂಟೆಯೊಳಗೆ ಹೋಗಿ, ಆಮೇಲೆ ಉಪ್ಸಾರು ಉಳಿದಿರುವುದಿಲ್ಲ.