ಆಂಡರ್ಸನೈಟ್: ನೀರು ಬಿಟ್ಟುಹೋದ ಹಸಿರು

ಸುರತ್ಕಲ್ ಕಡೆಯ ಒಂದು ನೀರು ಪರೀಕ್ಷೆಯ ಲ್ಯಾಬ್‌ನಲ್ಲಿ ನನ್ನ ಕೆಲಸ. ಬಾವಿ ನೀರು, ಬೋರ್‌ವೆಲ್ ನೀರು, ಫ್ಲ್ಯಾಟಿನ ಟ್ಯಾಂಕಿ ನೀರು, ಎಲ್ಲವೂ ಬಾಟಲಿಯಲ್ಲಿ ಬರುತ್ತವೆ. ಪಿಎಚ್, ಗಡಸುತನ, ಕಬ್ಬಿಣ, ಕೋಲಿಫಾರ್ಮ್ ನೋಡಿ ರಿಪೋರ್ಟ್ ಕೊಡುತ್ತೇವೆ. ಈಚೆಗೆ ಯುರೇನಿಯಂ ಕೇಳುವವರೂ ಜಾಸ್ತಿ. ಕೋಲಾರ, ಚಿಕ್ಕಬಳ್ಳಾಪುರದ ಬೋರ್‌ವೆಲ್‌ಗಳ ಸುದ್ದಿ ಪೇಪರಿನಲ್ಲಿ ಬಂದರೆ ಸಾಕು, ಇಲ್ಲಿ ಫೋನ್ ಶುರುವಾಗುತ್ತದೆ. ಕಾರ್ಕಳ ಕಡೆಯ ಹಿರಿಯರೊಬ್ಬರು ಕೌಂಟರಿನಲ್ಲಿ ನಿಂತು ಕೇಳಿದರು: "ಅಲ್ಲ ಮೇಡಂ, ಯುರೇನಿಯಂ ಕಲ್ಲಿನಲ್ಲಿ ಅಲ್ವಾ ಇರುವುದು? ಅದು ನೀರಿಗೆ ಬರುವುದು ಹೇಗೆ ಮಾರಾಯ್ರೆ?"

ಒಳ್ಳೆಯ ಪ್ರಶ್ನೆ. ಇದಕ್ಕೆ ನನಗೆ ಗೊತ್ತಿರುವ ಅತಿ ಚಂದದ ಉತ್ತರ ಒಂದು ಖನಿಜ. ಅದರ ಹೆಸರು ಆಂಡರ್ಸನೈಟ್.

ಯುರೇನಿಯಂ, ಸೋಡಿಯಂ, ಕ್ಯಾಲ್ಸಿಯಂ, ಕಾರ್ಬೊನೇಟ್, ಮತ್ತೆ ನೀರು. ಇಷ್ಟು ಸೇರಿ ಆದದ್ದು ಅದು. ತೂಕದಲ್ಲಿ ಸುಮಾರು 37 ಶೇಕಡಾ ಯುರೇನಿಯಂ. ಆದರೂ ಮೆದು. ಮೋಸ್ ಅಳತೆಯಲ್ಲಿ ಗಡಸುತನ 2.5, ಅಂದರೆ ಉಗುರಿಗೂ ಅದಕ್ಕೂ ಹೆಚ್ಚು ವ್ಯತ್ಯಾಸ ಇಲ್ಲ. ನೀರು ಬಿದ್ದರೆ ಕರಗುತ್ತದೆ. ಯುರೇನಿಯಂ ಎಂದರೆ ಕಪ್ಪು, ಭಾರ, ಗಟ್ಟಿ ಕಲ್ಲು ಎಂದುಕೊಂಡವರಿಗೆ ಈ ಕೊನೆಯ ಗುಣ ನಂಬಲು ಕಷ್ಟ. ನನಗೆ ಅದೇ ಮುಖ್ಯ ಗುಣ.

ನಾನು ಇದನ್ನು ಕಣ್ಣಾರೆ ನೋಡಿದ್ದು ಅಮೆರಿಕದ ಅರಿಝೋನಾದಲ್ಲಿ. ತಮ್ಮ ಫೀನಿಕ್ಸ್‌ನಲ್ಲಿ ಇದ್ದಾನೆ. ಅವನ ಮನೆಗೆ ಹೋಗಿದ್ದಾಗ ಟೂಸಾನ್‌ನಲ್ಲಿ ಪ್ರತಿ ಫೆಬ್ರವರಿಗೆ ನಡೆಯುವ ಖನಿಜ ಮೇಳಕ್ಕೆ ಕರೆದುಕೊಂಡು ಹೋದ. ರತ್ನ, ಸ್ಫಟಿಕ, ಉಲ್ಕೆ ಎಲ್ಲ ದಾಟಿ ಒಂದು ಮೂಲೆಯಲ್ಲಿ ಕಪ್ಪು ಬಟ್ಟೆ ಕಟ್ಟಿದ ಪೆಟ್ಟಿಗೆ ಇತ್ತು. "ಅಕ್ಕ, ಇಲ್ಲಿ ಬಾ, ನಿನ್ನ ಸಾಮಾನು ಉಂಟು" ಎಂದ. ಗಾಜಿನ ಹಿಂದೆ ಬೂದು ಮರಳುಗಲ್ಲಿನ ಒಂದು ತುಂಡು. ಅದರ ಬಿರುಕಿನ ಉದ್ದಕ್ಕೂ ಒಂದೆರಡು ಮಿಲಿಮೀಟರಿನ ಹಳದಿ-ಹಸಿರು ಹರಳು. ಚೀಟಿಯಲ್ಲಿ ಯೂಟಾ ರಾಜ್ಯದ ಅಟಾಮಿಕ್ ಕಿಂಗ್ ಗಣಿ ಎಂದು ಬರೆದಿತ್ತು. ಮಾಮೂಲಿ ಬೆಳಕಿನಲ್ಲಿ ನೋಡಿದರೆ ಚಂದವೇ, ಆದರೆ ಅಂಥದ್ದು ಆ ಮೇಳದಲ್ಲಿ ಬೇಕಾದಷ್ಟಿತ್ತು. ಅಂಗಡಿಯವರು ಬೆಳಕು ಆರಿಸಿ ಯುವಿ (ಅತಿನೇರಳೆ) ದೀಪ ಹಾಕಿದರು. ಬಿರುಕಿನ ಗೆರೆ ಗೆರೆಯೇ ಹಸಿರಾಗಿ ಹೊತ್ತಿಕೊಂಡಿತು. ಮರಳಿನ ಕಾಳುಗಳ ನಡುವೆ ನನ್ನ ಕಣ್ಣಿಗೆ ಮೊದಲು ಕಾಣದೇ ಇದ್ದ ಪುಡಿ ಕೂಡ ಬೆಳಗಿತು. ಹರಳು ಇದ್ದದ್ದು ಬಿರುಕಿನಲ್ಲಿ ಮಾತ್ರ ಅಲ್ಲ, ನೀರು ಹೀರಿದ್ದ ಜಾಗದಲ್ಲೆಲ್ಲ ಇತ್ತು. ಯಾವ ದಾರಿಯಲ್ಲಿ ನೀರು ಬಂತು, ಎಲ್ಲಿ ನಿಂತು ಆರಿತು ಎಂಬುದರ ನಕ್ಷೆ ಅದು.

ಈ ಹಸಿರಿನ ಬಗ್ಗೆ ಒಂದು ತಪ್ಪು ತಿಳಿವಳಿಕೆ ಗಟ್ಟಿಯಾಗಿ ಕೂತಿದೆ. ವಿಕಿರಣ ಇರುವುದರಿಂದ ಹೊಳೆಯುತ್ತದೆ ಎಂದು ತುಂಬಾ ಜನ ಅಂದುಕೊಂಡಿದ್ದಾರೆ. ಹಾಗಲ್ಲ. ಪಿಚ್‌ಬ್ಲೆಂಡ್ ಯುರೇನಿಯಂನ ಮುಖ್ಯ ಅದಿರು, ಯುವಿ ಕೆಳಗೆ ಕಪ್ಪಗೇ ಇರುತ್ತದೆ. ಟೋರ್ಬರ್ನೈಟ್ ಎಂಬ ಖನಿಜದಲ್ಲೂ ಯುರೇನಿಯಂ ಉಂಟು, ಆದರೆ ಜೊತೆಗಿರುವ ತಾಮ್ರ ಆ ಹೊಳಪನ್ನು ನುಂಗಿಬಿಡುತ್ತದೆ. ಹೊಳೆಯುವುದು ಯುರೇನಿಲ್. ಒಂದು ಯುರೇನಿಯಂ ಪರಮಾಣು, ಅದರ ಎರಡೂ ಬದಿಗೆ ಒಂದೇ ಗೆರೆಯಲ್ಲಿ ಎರಡು ಆಮ್ಲಜನಕ. ಇದು ಯುವಿ ಬೆಳಕನ್ನು ಹೀರಿ, ಸ್ವಲ್ಪ ಹೊತ್ತು ಹಿಡಿದಿಟ್ಟು, ಹಸಿರಾಗಿ ಬಿಡುತ್ತದೆ. ಬಿಡುವಾಗ ಆ ಯುರೇನಿಯಂ-ಆಮ್ಲಜನಕ ಬಂಧ ಕಂಪಿಸುತ್ತದೆ. ಹಾಗಾಗಿ ಬೆಳಕು ಒಂದೇ ಗುಡ್ಡೆಯಾಗಿ ಬರುವುದಿಲ್ಲ, ಹೆಚ್ಚುಕಡಿಮೆ ಸಮ ಅಂತರದ ಪಟ್ಟಿಗಳಾಗಿ ಬರುತ್ತದೆ. 1896ರಲ್ಲಿ ಹೆನ್ರಿ ಬೆಕ್ವೆರೆಲ್ ಇಂಥದೇ ಒಂದು ಹೊಳೆಯುವ ಯುರೇನಿಲ್ ಲವಣವನ್ನು ಫೋಟೋ ಪ್ಲೇಟಿನ ಮೇಲೆ ಇಟ್ಟದ್ದು. ಬಿಸಿಲು ತಾಗಿ ಹೊಳೆದರೆ ಮಾತ್ರ ಪ್ಲೇಟ್ ಕಪ್ಪಾಗುತ್ತದೆ ಎಂದು ಅವರ ಲೆಕ್ಕ. ಮೋಡ ಕವಿದ ದಿನ ಡ್ರಾಯರಿನಲ್ಲಿ ಇಟ್ಟಿದ್ದ ಪ್ಲೇಟೂ ಕಪ್ಪಾಯಿತು. ಹೊಳಪು ಬೇರೆ, ವಿಕಿರಣ ಬೇರೆ ಎಂಬುದು ಅಲ್ಲಿಂದಲೇ ಗೊತ್ತಾದದ್ದು.

ಈಗ ನೀರಿನ ಮಾತು. ಕಲ್ಲಿನೊಳಗೆ ಗಾಳಿ ಸೋಕದೆ ಇರುವ ಯುರೇನಿಯಂ ನೀರಿಗೆ ಅಷ್ಟು ಸುಲಭವಾಗಿ ಕರಗುವುದಿಲ್ಲ. ಆಮ್ಲಜನಕ ಸಿಕ್ಕಿದರೆ ಅದು ಯುರೇನಿಲ್ ಆಗುತ್ತದೆ. ಆ ನೀರಿನಲ್ಲಿ ಬೈಕಾರ್ಬೊನೇಟ್ ಇದ್ದರೆ ಮೂರು ಕಾರ್ಬೊನೇಟ್‌ಗಳು ಬಂದು ಯುರೇನಿಲ್‌ನ ಸೊಂಟದ ಸುತ್ತ ಕೂರುತ್ತವೆ. ಹಾಗೆ ಕೂತ ಮೇಲೆ ಅದು ಮಣ್ಣಿಗೂ ಕಲ್ಲಿಗೂ ಬೇಗ ಅಂಟುವುದಿಲ್ಲ. ನೀರು ಹೋದಲ್ಲಿಗೆ ಹೋಗುತ್ತದೆ. ಕ್ಯಾಲ್ಸಿಯಂ ಸೇರಿದರೆ ಇನ್ನೂ ಗಟ್ಟಿ. 1996ರಲ್ಲಿ ಜರ್ಮನಿಯ ರೋಸೆನ್‌ಡಾರ್ಫ್‌ನ ವಿಜ್ಞಾನಿಗಳು ಸ್ಯಾಕ್ಸನಿಯ ಯುರೇನಿಯಂ ಗಣಿಯ ನೀರಿಗೆ ಲೇಸರ್ ಬಿಟ್ಟು ನೋಡಿದಾಗ, ಎರಡು ಕ್ಯಾಲ್ಸಿಯಂ ಹಿಡಿದುಕೊಂಡ ಈ ಯುರೇನಿಲ್ ಕಾರ್ಬೊನೇಟ್ ಸಿಕ್ಕಿತು. ಹರಳಾದರೆ ಅದೇ ಲೀಬಿಗೈಟ್, ಆಂಡರ್ಸನೈಟ್‌ನ ಹತ್ತಿರದ ನೆಂಟ.

ಆಂಡರ್ಸನೈಟ್‌ನ ಹರಳಿನೊಳಗೆ ಇರುವುದೂ ಇದೇ ಜೋಡಣೆ. ನಡುವೆ ಯುರೇನಿಲ್, ಸುತ್ತ ಮೂರು ಕಾರ್ಬೊನೇಟ್. ನೀರಿನಲ್ಲಿ ಓಡಾಡುತ್ತಿದ್ದದ್ದು ಅದೇ ರೂಪದಲ್ಲಿ, ಸೋಡಿಯಂ, ಕ್ಯಾಲ್ಸಿಯಂ ಮತ್ತು ಒಂದಿಷ್ಟು ನೀರಿನ ಜೊತೆ, ಆರಿ ಕೂತಿದೆ. ಮಳೆಗಾಲ ಮುಗಿದ ಮೇಲೆ ನಮ್ಮ ಹಳೇ ಮನೆಗಳ ಗೋಡೆಯಲ್ಲಿ ಬಿಳಿ ಉಪ್ಪು ಏಳುತ್ತದಲ್ಲ, ಗಣಿಯ ಗೋಡೆಯಲ್ಲಿ ಇದು ಏಳುವುದೂ ಹಾಗೆಯೇ.

ಮೊದಲು ಸಿಕ್ಕಿದ್ದು ಅರಿಝೋನಾದ ಯಾವಪೈ ಕೌಂಟಿಯ ಹಿಲ್‌ಸೈಡ್ ಗಣಿಯಲ್ಲಿ. ಅಲ್ಲಿ ತೆಗೆಯುತ್ತಿದ್ದದ್ದು ಚಿನ್ನ, ಬೆಳ್ಳಿ. ಮನುಷ್ಯ ಸುರಂಗ ಕೊರೆದ, ಗಾಳಿ ಒಳಗೆ ಬಂತು, ನೀರು ಜಿನುಗಿತು, ಗೋಡೆಯಲ್ಲಿ ಹಳದಿ ಪೊರೆ ಎದ್ದಿತು. ಅಮೆರಿಕದ ಭೂವಿಜ್ಞಾನ ಸಮೀಕ್ಷೆಯ ಚಾರ್ಲ್ಸ್ ಆಂಡರ್ಸನ್ ಅವರ ಹೆಸರು ಇದಕ್ಕೆ. ಪೂರ್ಣ ವಿವರ ಅಚ್ಚಾದದ್ದು 1951ರಲ್ಲಿ. ಅದೇ ಗಣಿಯಿಂದ ಇನ್ನೆರಡು ಹೊಸ ಯುರೇನಿಲ್ ಕಾರ್ಬೊನೇಟ್‌ಗಳೂ ಬಂದವು. ಮೆಗ್ನೀಸಿಯಂ ಇರುವುದು ಬೇಲಿಯೈಟ್. ಕ್ಯಾಲ್ಸಿಯಂ, ಮೆಗ್ನೀಸಿಯಂ ಎರಡೂ ಇರುವುದು ಸ್ವಾರ್ಟ್‌ಝೈಟ್. ನೀರಿನಲ್ಲಿ ಯಾವ ಲವಣ ಹೆಚ್ಚಿತ್ತೋ ಅದಕ್ಕೆ ತಕ್ಕ ಖನಿಜ. ನೀರು ಪರೀಕ್ಷೆ ಮಾಡುವವಳಿಗೆ ಇದು ಒಂದು ರಿಪೋರ್ಟ್ ಓದಿದಷ್ಟು ಸ್ಪಷ್ಟ. ಚೆಕ್ ದೇಶದ ಯಾಖಿಮೊವ್‌ನಲ್ಲೂ ಆಂಡರ್ಸನೈಟ್ ಇದೆ. ಯೂಟಾದ ಹಳೇ ಗಣಿಗಳಿಂದ ಈಗಲೂ ಈ ಕುಟುಂಬದ ಹೊಸ ಖನಿಜಗಳು ಬರುತ್ತಿವೆ. ಒಂದಕ್ಕೆ ಭೌತವಿಜ್ಞಾನಿ ಲಿಯೋ ಝಿಲಾರ್ಡ್ ಅವರ ಹೆಸರು ಇಟ್ಟಿದ್ದಾರೆ.

ನಮ್ಮ ಕರಾವಳಿಯಲ್ಲಿ ಇದು ಏಳಲಿಕ್ಕೆ ಜಾಗವೇ ಇಲ್ಲ. ಮಂಗಳೂರಿನಲ್ಲಿ ವರ್ಷಕ್ಕೆ 3,500 ಮಿಲಿಮೀಟರ್ ದಾಟಿ ಮಳೆ. ಆಷಾಢದಲ್ಲಿ ಡಬ್ಬದ ಉಪ್ಪೇ ನೀರಾಗುವ ಊರಿನಲ್ಲಿ ಇಂಥ ಹರಳು ಎಲ್ಲಿ ನಿಂತೀತು? ಇನ್ನೊಂದು ಕಾರಣ ಮಣ್ಣು. ನಮ್ಮ ಮುರಕಲ್ಲಿನ ತುಂಬಾ ಕಬ್ಬಿಣದ ಆಕ್ಸೈಡ್. ಬಾವಿ ನೀರು ಸ್ವಲ್ಪ ಹುಳಿ, ಬೈಕಾರ್ಬೊನೇಟ್ ಕಡಿಮೆ. ಕಾರ್ಬೊನೇಟ್ ಸುತ್ತಿಕೊಳ್ಳದ ಯುರೇನಿಲ್ ಆ ಕಬ್ಬಿಣಕ್ಕೆ ಅಂಟಿಕೊಂಡು ಉಳಿಯುತ್ತದೆ. ಕೋಲಾರದ ಕಡೆ ತಿರುಗಾಮುರುಗಾ. ಅಲ್ಲಿ ಗ್ರಾನೈಟ್, ನೈಸ್ (gneiss) ಎಂಬ ಪಟ್ಟೆ ಕಲ್ಲಿನ ಆಳದ ಬೋರ್‌ವೆಲ್, ಗಡಸು ನೀರು, ಬೈಕಾರ್ಬೊನೇಟ್ ಜಾಸ್ತಿ. ಕಲ್ಲಿನಲ್ಲಿರುವ ಸ್ವಲ್ಪ ಯುರೇನಿಯಂ ಕೂಡ ಎದ್ದು ನೀರಿಗೆ ಬರಲಿಕ್ಕೆ ಅಷ್ಟು ಸಾಕು. ಕಾರ್ಕಳದವರ ಪ್ರಶ್ನೆಗೆ ಉತ್ತರ ಇಲ್ಲಿದೆ. ಕಲ್ಲಿನಲ್ಲಿ ಎಷ್ಟು ಉಂಟು ಎನ್ನುವುದಕ್ಕಿಂತ, ಹೊತ್ತುಕೊಂಡು ಬರುವ ನೀರು ಎಂಥದ್ದು ಎನ್ನುವುದು ದೊಡ್ಡದು. (ಉಳ್ಳಾಲದ ಕಡಲತೀರದ ಮರಳಿನಲ್ಲೂ ವಿಕಿರಣ ಹೆಚ್ಚು, ಆದರೆ ಅದು ಮೊನಾಝೈಟ್ ಎಂಬ ಖನಿಜದ ಥೋರಿಯಂನಿಂದ. ಥೋರಿಯಂ ನೀರಿಗೆ ಹೀಗೆ ಇಳಿಯುವುದಿಲ್ಲ.)

ಇದೇ ರಸಾಯನವನ್ನು ಮನುಷ್ಯ ಬೇಕೆಂದೇ ಬಳಸುವ ಜಾಗವೂ ಇದೆ. ಆಂಧ್ರದ ಕಡಪ ಜಿಲ್ಲೆಯ ತುಮ್ಮಲಪಲ್ಲೆಯಲ್ಲಿ ಅದಿರು ಇರುವುದು ಡಾಲಮೈಟ್ ಸುಣ್ಣಗಲ್ಲಿನಲ್ಲಿ. ಅದಕ್ಕೆ ಆಸಿಡ್ ಹಾಕಿದರೆ ಕಲ್ಲೇ ಆಸಿಡ್ ಕುಡಿದುಬಿಡುತ್ತದೆ. ಹಾಗಾಗಿ ಅಲ್ಲಿ ಸೋಡಿಯಂ ಕಾರ್ಬೊನೇಟ್, ಬೈಕಾರ್ಬೊನೇಟ್ ನೀರಿನಲ್ಲಿ ಯುರೇನಿಯಂ ಇಳಿಸಿಕೊಳ್ಳುತ್ತಾರೆ.

ನನ್ನ ಮೇಜಿನ ಯಂತ್ರಕ್ಕೂ ಈ ಖನಿಜಕ್ಕೂ ನೇರ ಸಂಬಂಧ ಉಂಟು. ಅದು ಎಲ್‌ಇಡಿ ಫ್ಲೋರಿಮೀಟರ್. ನೀರಿನ ಮಾದರಿಗೆ ನೇರಳೆ ಬೆಳಕಿನ ಮಿಂಚು ಬಿಟ್ಟು, ವಾಪಸು ಬರುವ ಹಸಿರನ್ನು ಅಳೆಯುತ್ತದೆ. ಟೂಸಾನ್‌ನ ಪೆಟ್ಟಿಗೆಯಲ್ಲಿ ಕಂಡದ್ದೇ ಹಸಿರು. ಆದರೆ ಇಲ್ಲೊಂದು ತೊಡಕು. ಹರಳಿನಲ್ಲಿ ಅಷ್ಟು ಬೆಳಗುವ ಯುರೇನಿಲ್ ಕಾರ್ಬೊನೇಟ್, ನೀರಿನಲ್ಲಿ ಕರಗಿದ ಮೇಲೆ ತೀರಾ ಮಂಕು. ಗಡಸು ನೀರು ತಂದವರ ಬಾಟಲಿಯನ್ನು ಹಾಗೇ ಇಟ್ಟು ಅಳೆದರೆ ಯುರೇನಿಯಂ ಇದ್ದರೂ ಇಲ್ಲವೆಂದೇ ತೋರಬಹುದು. ಅದಕ್ಕೆ ಮೊದಲು ಸೋಡಿಯಂ ಪೈರೋಫಾಸ್ಫೇಟ್ ದ್ರಾವಣ ಹಾಕುತ್ತೇವೆ. ಪಿಎಚ್ 7ಕ್ಕೆ ತಂದಿಟ್ಟ, 5 ಶೇಕಡಾ ದ್ರಾವಣ. ಅದು ಕಾರ್ಬೊನೇಟನ್ನು ಬಿಡಿಸಿ ಎಲ್ಲ ಯುರೇನಿಲ್ಲನ್ನೂ ಒಂದೇ ರೂಪಕ್ಕೆ ತರುತ್ತದೆ. ಆಗ ಚೆನ್ನಾಗಿ ಹೊಳೆಯುತ್ತದೆ. ಮಳೆಗಾಲದ ಬಾವಿ ನೀರಿನಲ್ಲಿ ಎಲೆ ಕೊಳೆತ ಅಂಶವೂ ಇರುತ್ತದೆ, ಅದಕ್ಕೂ ತನ್ನದೇ ಹೊಳಪು ಉಂಟು. ಆದರೆ ಅದು ನ್ಯಾನೋಸೆಕೆಂಡುಗಳಲ್ಲಿ ಆರಿಹೋಗುತ್ತದೆ. ಯುರೇನಿಲ್ ಮೈಕ್ರೋಸೆಕೆಂಡುಗಳ ತನಕ ಉಳಿಯುತ್ತದೆ. ಯಂತ್ರ ಮಿಂಚು ಬಿಟ್ಟು ಸ್ವಲ್ಪ ಕಾಯುತ್ತದೆ, ಆಮೇಲೆ ಉಳಿದದ್ದನ್ನು ಅಳೆಯುತ್ತದೆ. ಲೀಟರಿಗೆ ಒಂದು ಮೈಕ್ರೋಗ್ರಾಂಗಿಂತ ಕಡಿಮೆ ಇದ್ದರೂ ಸಿಗುತ್ತದೆ. ವಿಶ್ವ ಆರೋಗ್ಯ ಸಂಸ್ಥೆಯ ಮಿತಿ ಲೀಟರಿಗೆ 30 ಮೈಕ್ರೋಗ್ರಾಂ, ನಮ್ಮ ಪರಮಾಣು ಶಕ್ತಿ ನಿಯಂತ್ರಣ ಮಂಡಳಿಯದು 60. ಈ ಪ್ರಮಾಣದಲ್ಲಿ ಚಿಂತೆ ಇರುವುದು ವಿಕಿರಣಕ್ಕಿಂತ ಮೂತ್ರಪಿಂಡದ್ದು. ಕುದಿಸಿದರೆ ಹೋಗುವುದಿಲ್ಲ, ಆರ್‌ಒ ಹಾಕಿದರೆ ಹೋಗುತ್ತದೆ.

ಇಷ್ಟೆಲ್ಲ ಓದಿ ಯಾರಾದರೂ ಆನ್‌ಲೈನ್‌ನಲ್ಲಿ ಒಂದು ಹರಳು ತರಿಸೋಣ ಎಂದು ಹೊರಟರೆ, ದಯವಿಟ್ಟು ಬೇಡ. ನಮ್ಮ ದೇಶದಲ್ಲಿ ಯುರೇನಿಯಂ ಪರಮಾಣು ಶಕ್ತಿ ಕಾನೂನಿನ ಕೆಳಗೆ ಬರುತ್ತದೆ, ಸುಮ್ನೆ ತರಿಸಿ ಶೋಕೇಸಿನಲ್ಲಿ ಇಡುವ ವಸ್ತು ಅಲ್ಲ. ಆಂಡರ್ಸನೈಟ್ ಪುಡಿಯಾಗುತ್ತದೆ, ನೀರಿಗೆ ಕರಗುತ್ತದೆ, ಅಂದರೆ ಕೈಯಿಂದ ಬಾಯಿಗೆ ಹೋದರೆ ರಕ್ತಕ್ಕೂ ಸೇರುತ್ತದೆ. ಮಕ್ಕಳಿರುವ ಮನೆಗೆ ಹೇಳಿಸಿದ್ದಲ್ಲ. ಮಕ್ಕಳಿಗೆ ಹೊಳಪು ತೋರಿಸಬೇಕಾದರೆ ಬೇರೆ ದಾರಿ ಉಂಟು. ಬಸಳೆ ಎಲೆಯನ್ನು ಜಜ್ಜಿ ಸರ್ಜಿಕಲ್ ಸ್ಪಿರಿಟ್‌ನಲ್ಲಿ ನೆನೆಸಿ, ಸೋಸಿ, ಕತ್ತಲೆ ಕೋಣೆಯಲ್ಲಿ ಯುವಿ ಟಾರ್ಚ್ ಹಿಡಿಯಿರಿ. ಹಸಿರು ದ್ರಾವಣ ಕೆಂಪಾಗಿ ಬೆಳಗುತ್ತದೆ. ಇನ್ನೊಂದು ಲೋಟದ ಸ್ಪಿರಿಟಿಗೆ ಚಿಟಿಕೆ ಅರಿಶಿನ ಹಾಕಿದರೆ ಹಳದಿ-ಹಸಿರು. ಆಂಡರ್ಸನೈಟ್ ಎಂಥ ಬಣ್ಣ ಎಂದು ಕೇಳಿದವರಿಗೆ ನಾನು ಈ ಎರಡನೇ ಲೋಟವನ್ನೇ ತೋರಿಸುವುದು. ಟಾರ್ಚಿನ ಬೆಳಕು ಕಣ್ಣಿಗೆ ಬೀಳದ ಹಾಗೆ ನೋಡಿಕೊಳ್ಳಿ, ಸ್ಪಿರಿಟ್ ಇರುವಾಗ ಒಲೆ ಹತ್ತಿರ ಹೋಗಬೇಡಿ.