ಹಲ್ಲಣ, ತಡಿ, ಜೀನು

ಕಳೆದ ಬೇಸಿಗೆಯಲ್ಲಿ ಕಲಬುರಗಿಯಲ್ಲಿ ನಡೆದ ನನ್ನ ಅಕ್ಕನ ಮಗನ ಮದುವೆಯ ಮೆರವಣಿಗೆ ಶರಣಬಸವೇಶ್ವರ ಗುಡಿಯ ಹತ್ತಿರ ಬಂದಾಗ, ಮದುಮಗ ಕುಳಿತಿದ್ದ ಬಿಳಿ ಕುದುರೆಯ ಜೀನು ಮೆಲ್ಲಗೆ ಎಡಕ್ಕೆ ವಾಲತೊಡಗಿತು. ಬಾಸಿಂಗ ಕಟ್ಟಿಕೊಂಡ ಹುಡುಗ ಒಂದು ಕೈಯಿಂದ ಪೇಟವನ್ನೂ ಇನ್ನೊಂದು ಕೈಯಿಂದ ಕುದುರೆಯ ಜೂಲನ್ನೂ ಹಿಡಿದುಕೊಂಡು, ಬೀಳುವುದೋ ಇಳಿಯುವುದೋ ತಿಳಿಯದೆ ನಮ್ಮ ಕಡೆ ನೋಡುತ್ತಿದ್ದ. ಕುದುರೆಯವನು ಓಡಿಬಂದು, “ತಡೀರಿ ಸರ, ತಂಗ್ ಢೀಲಾ ಆಗ್ಯಾದ” ಎನ್ನುತ್ತ ಜರಿಯ ಹೊದಿಕೆಯನ್ನು ಮೇಲೆತ್ತಿ, ಕುದುರೆಯ ಪಕ್ಕೆಗೆ ಮೊಣಕಾಲು ಕೊಟ್ಟು, ಹೊಟ್ಟೆಯ ಕೆಳಗಿನ ಪಟ್ಟಿಯನ್ನು ಎರಡು ತೂತು ಹಿಂದಕ್ಕೆ ಎಳೆದು ಬಿಗಿದನು. ಜೀನು ಕಟ್ಟುವಾಗ ಕುದುರೆ ಉಸಿರು ತುಂಬಿಕೊಂಡು ಹೊಟ್ಟೆ ಉಬ್ಬಿಸುತ್ತದೆಂದೂ, ಸ್ವಲ್ಪ ಹೊತ್ತು ನಡೆಸಿ ಮತ್ತೊಮ್ಮೆ ಬಿಗಿಯದಿದ್ದರೆ ಹೀಗಾಗುತ್ತದೆಂದೂ, ಬ್ಯಾಂಡಿನವರ ಅವಸರದಲ್ಲಿ ಆ ಎರಡನೆಯ ಬಿಗಿತ ತಪ್ಪಿಹೋಯಿತೆಂದೂ ಅವನು ಆಮೇಲೆ ವಿವರಿಸಿದನು. ನನ್ನ ಮನಸ್ಸು ಮಾತ್ರ ಅವನಾಡಿದ ‘ತಂಗ್’ ಎಂಬ ಮಾತಿನ ಮೇಲೆಯೇ ನಿಂತುಬಿಟ್ಟಿತ್ತು.

ನಮ್ಮ ಭಾಗದಲ್ಲಿ ‘ತಂಗ್’ ಎಂಬುದನ್ನು ದಿನಕ್ಕೆ ಹತ್ತು ಸಲ ಕೇಳುತ್ತೇವೆ. ಮಕ್ಕಳು ಕಾಡಿದರೆ “ತಂಗ್ ಮಾಡಬ್ಯಾಡ” ಎನ್ನುತ್ತೇವೆ. ಇದು ದಖ್ಖನಿ ಉರ್ದುವಿನಿಂದ ನಮ್ಮ ಬಾಯಿಗೆ ಬಂದ ಫಾರಸಿ ಪದ. ಇಕ್ಕಟ್ಟು, ಬಿಗಿ ಎಂಬುದು ಅದರ ಅರ್ಥ. ಅದೇ ಫಾರಸಿಯಲ್ಲಿ ಜೀನನ್ನು ಕುದುರೆಯ ಹೊಟ್ಟೆಗೆ ಬಿಗಿಯುವ ಪಟ್ಟಿಗೂ ‘ತಂಗ್’ ಎಂದೇ ಹೆಸರು. ಅರವತ್ತು ವರ್ಷ ಈ ಮಾತನ್ನು ಆಡಿಕೊಂಡು ಬಂದಿದ್ದರೂ ಅದು ಕುದುರೆಯ ಹೊಟ್ಟೆಯನ್ನು ಸುತ್ತಿದ್ದನ್ನು ನಾನು ಕಂಡದ್ದು ಅದೇ ಮೊದಲು.

ಮನೆಗೆ ಬಂದು ಉಳಿದ ಪದಗಳನ್ನೂ ಕೆದಕತೊಡಗಿದೆ. ‘ಜೀನು’ ಫಾರಸಿಯ ‘ಜೀನ್’. ಅಲ್ಲಿಯ ಮೊದಲಕ್ಷರ ನಾವು ಜಮೀನು, ಜೋರು ಎಂಬ ಪದಗಳಲ್ಲಿ ಸಾದಾ ‘ಜ’ ಮಾಡಿಕೊಂಡಿರುವ ಆ ಗುಂಯ್ಗುಡುವ ಜಕಾರ. ಜಿಪುಣನಿಗೆ ಹೇಳುವ ‘ಜೀನ’ ಬೇರೆ ಪದ, ಅದಕ್ಕೂ ಇದಕ್ಕೂ ನೆಂಟಸ್ತಿಕೆ ಇಲ್ಲ. ಹುಡುಗರು ತೊಡುವ ಜೀನ್ಸ್ ಪ್ಯಾಂಟಿನ ಹೆಸರು ಇಟಲಿಯ ಜಿನೋವಾ ಪಟ್ಟಣದಿಂದ ಬಂದದ್ದು, ಅದೂ ಬೇರೆ. ಆದರೆ ‘ಜೀನಗಾರ’ ಎಂಬ ಮನೆತನದ ಹೆಸರು ಮಾತ್ರ ಈ ಜೀನಿನದೇ ಮಗು. ಕುದುರೆಗೆ ಜೀನು ಹೊಲಿಯುವವನು ಜೀನಗಾರ. ದಂಡುಗಳು ಚದುರಿ ಜೀನು ಕೇಳುವವರು ಇಲ್ಲದಂತಾದಾಗ ಈ ಕುಶಲಕರ್ಮಿಗಳು ಚರ್ಮವನ್ನು ಬಿಟ್ಟು ಬಣ್ಣ, ಕಟ್ಟಿಗೆ, ಲೋಹಗಳ ಕೆಲಸಕ್ಕೆ ತಿರುಗಿದರು. ಗೋಕಾಕದ ಬಣ್ಣದ ಗೊಂಬೆಗಳನ್ನು ಮಾಡುವವರು ಜೀನಗಾರರೇ. ಕಸುಬು ಬದಲಾಗಿ ಎಷ್ಟೋ ತಲೆಮಾರು ಕಳೆದರೂ ಹೆಸರು ಇನ್ನೂ ಕುದುರೆಯ ಬೆನ್ನಿನ ಮೇಲೆಯೇ ಕುಳಿತಿದೆ.

ಬಸವಕಲ್ಯಾಣ, ಭಾಲ್ಕಿ, ಔರಾದ ಕಡೆಯವರಿಗೆ ಮರಾಠಿಯ ‘ಖೋಗೀರಭರತಿ’ ಎಂಬ ನುಡಿಗಟ್ಟು ಪರಿಚಿತವಿರಬಹುದು. ಭಾಷಣದಲ್ಲಿಯೋ ಬರಹದಲ್ಲಿಯೋ ಸರಕಿಲ್ಲದೆ ತುಂಬಿಸಿದ ಹೊಟ್ಟನ್ನು ಹಾಗೆ ಅನ್ನುತ್ತಾರೆ. ಖೋಗೀರು ಎಂದರೆ ಒಳಗೆ ಏನನ್ನಾದರೂ ತುರುಕಿ ಹೊಲಿದ ಮೆತ್ತನೆಯ ಜೀನು. ಮೂಲದಲ್ಲಿ ಅದು ಜೀನಿನ ಅಡಿಯಲ್ಲಿ ಹಾಸುವ ಬಟ್ಟೆ. ಫಾರಸಿಯಲ್ಲಿ ಬೆವರಿಗೆ ‘ಖೋಯ್’, ಹಿಡಿಯುವುದಕ್ಕೆ ‘ಗೀರ್’, ಅಂದರೆ ಬೆವರು ಹೀರುವಂಥದ್ದು. ಜಗತ್ತನ್ನು ಹಿಡಿದವನು ಜಹಾಂಗೀರನಾದದ್ದೂ, ಹಿಡಿದುಕೊಂಡ ಜಾಗ ಜಹಗೀರಾದದ್ದೂ ಇದೇ ‘ಗೀರ್’ನಿಂದ. ಬೆವರಿನ ಬಟ್ಟೆಯೂ ಬಾದಶಹನೂ ಒಂದೇ ಪ್ರತ್ಯಯವನ್ನು ಹಂಚಿಕೊಂಡಿರುವುದು ನನಗಂತೂ ಬಹಳ ಹಿಡಿಸಿತು.

ಹಾಗಾದರೆ ಫಾರಸಿ ಬರುವ ಮೊದಲು ಕನ್ನಡಿಗರ ಕುದುರೆಗಳ ಬೆನ್ನು ಬರಿದಾಗಿತ್ತೇ? ಇಲ್ಲ. ಆಗ ನಮ್ಮಲ್ಲಿ ‘ಹಲ್ಲಣ’ವಿತ್ತು. ಸಂಸ್ಕೃತದಲ್ಲಿ ‘ಪರ್ಯಾಣ’, ಪ್ರಾಕೃತದಲ್ಲಿ ‘ಪಲ್ಲಾಣ’, ಹಳಗನ್ನಡದಲ್ಲಿ ‘ಪಲ್ಲಣ’, ಆಮೇಲೆ ‘ಹಲ್ಲಣ’. ಜೀನು ಹಾಕುವುದಕ್ಕೆ ‘ಹಲ್ಲಣಿಸು’. ಮರಾಠಿಯಲ್ಲಿ ಇದೇ ಪದ ‘ಪಲಾಣ’ವೆಂದು ಉಳಿದಿದೆ. ಬಾಯೊಳಗಿನ ಹಲ್ಲಿಗೂ ಹಲ್ಲಣಕ್ಕೂ ಸಂಬಂಧವಿಲ್ಲ, ಆದರೆ ಒಂದು ಹೋಲಿಕೆ ಇದೆ. ‘ಪಲ್ಲು’ ಹಲ್ಲಾದಂತೆ, ‘ಪಾಲು’ ಹಾಲಾದಂತೆ, ‘ಪಲ್ಲಣ’ವೂ ಹಲ್ಲಣವಾಯಿತು. ಪದದ ಮೊದಲಿನ ಪಕಾರ ಹಕಾರವಾಗುವ ಈ ಮಾರ್ಪಾಡು ಕನ್ನಡದಲ್ಲಿ ಸುಮಾರು 10ನೆಯ ಶತಮಾನದಿಂದ ಕಾಣಿಸಿಕೊಂಡು ಮುಂದಿನ ಕೆಲವು ಶತಮಾನಗಳಲ್ಲಿ ಪೂರ್ತಿಯಾಯಿತು. ಅದಕ್ಕಿಂತ ಮೊದಲೇ ಬಂದು ಮನೆಯವರಂತೆ ಬೆರೆತಿದ್ದ ಪದಗಳಷ್ಟೇ ಅದಕ್ಕೆ ಒಳಗಾದವು. ತಡವಾಗಿ ಬಂದ ಫಾರಸಿಯ ‘ಪರದೆ’ ಹರದೆಯಾಗಲಿಲ್ಲ, ‘ಪೈಜಾಮ’ ಹೈಜಾಮವಾಗಲಿಲ್ಲ. ಕುದುರೆಲಾಯದ ಅರ್ಥವುಳ್ಳ, ನಿಜಾಮರ ಕುದುರೆದಂಡನ್ನು ಸಾಕುತ್ತಿದ್ದ ಸರದಾರ ಮನೆತನಗಳಿಗೆ ಹೆಸರಾದ ‘ಪೈಗಾ’ ಕೂಡ ಪೈಗಾ ಆಗಿಯೇ ಉಳಿಯಿತು. ಶಾಸನದಲ್ಲಿ ಇಸವಿ ಹುಡುಕುವಂತೆ ಒಂದು ಪದದ ಮೊದಲಕ್ಷರದಲ್ಲಿಯೂ ಕಾಲವನ್ನು ಹುಡುಕಬಹುದೆಂಬುದಕ್ಕೆ ಇದಕ್ಕಿಂತ ಚಂದದ ಉದಾಹರಣೆ ನನಗೆ ಬೇರೆ ಸಿಕ್ಕಿಲ್ಲ.

ಹಲ್ಲಣ ನಮ್ಮ ನೆಲದ ಮಾತೆಂದು ನಾನು ಹೇಳುವುದಕ್ಕೆ ಇನ್ನೊಂದು ಕಾರಣವಿದೆ. 12ನೆಯ ಶತಮಾನದ ಕಲ್ಯಾಣದಲ್ಲಿ, ಅಂದರೆ ಇಂದಿನ ಬೀದರ ಜಿಲ್ಲೆಯ ಬಸವಕಲ್ಯಾಣದಲ್ಲಿ, ಶರಣರ ನಡುವೆ ಇದ್ದ ಅಲ್ಲಮಪ್ರಭುವಿನ ಒಂದು ಪ್ರಸಿದ್ಧ ವಚನದಲ್ಲಿ ಈ ಪದ ಬರುತ್ತದೆ. ಕೊಟ್ಟ ಕುದುರೆಯನ್ನು ಏರಲು ಅರಿಯದೆ ಮತ್ತೊಂದು ಕುದುರೆಯನ್ನು ಬಯಸುವವರು ವೀರರೂ ಅಲ್ಲ, ಧೀರರೂ ಅಲ್ಲ ಎಂದು ಹೇಳಿ, ಮೂರು ಲೋಕದವರೂ ‘ಹಲ್ಲಣವ ಹೊತ್ತುಕೊಂಡು’ ತೊಳಲುತ್ತಿದ್ದಾರೆ ಎನ್ನುತ್ತಾನೆ. ಕುದುರೆಯ ಬೆನ್ನಿಗೆ ಹಾಕಬೇಕಾದದ್ದನ್ನು ತಮ್ಮ ಬೆನ್ನಿಗೇ ಹಾಕಿಕೊಂಡು ಅಲೆಯುವ ಜನರ ಚಿತ್ರವದು. ನಮ್ಮ ಎಷ್ಟೋ ಓದುಗರು ‘ಹಲ್ಲಣ’ದ ಅರ್ಥ ಗೊತ್ತಿಲ್ಲದೆ ಅದನ್ನು ಯಾವುದೋ ಹೊರೆಯೆಂದುಕೊಂಡು ಮುಂದೆ ಸಾಗಿಬಿಡುತ್ತಾರೆ; ಹಾಗೆ ಓದಿದರೆ ಆ ವಚನದ ಕುಟುಕು ಅರ್ಧಕ್ಕರ್ಧ ಕೆಟ್ಟುಹೋಗುತ್ತದೆ.

ಇನ್ನು ‘ತಡಿ’. ನಿಘಂಟುಗಳಲ್ಲಿ ಜೀನಿಗೆ ಕೊಡುವ ಕನ್ನಡ ಪದ ಇದು. ನದಿಯ ದಡವೂ ತಡಿ, ಸ್ವಲ್ಪ ನಿಲ್ಲು ಎನ್ನುವುದಕ್ಕೂ ನಮ್ಮಲ್ಲಿ ತಡಿ. ಕುದುರೆಯವನು “ತಡೀರಿ” ಎಂದಾಗ ಜೀನಿನ ಮೇಲೆಯೇ ಕಣ್ಣಿಟ್ಟಿದ್ದ ನನಗೆ ಕ್ಷಣಕಾಲ ಗೊಂದಲವಾದದ್ದು ನಿಜ. ಬರಹದಲ್ಲಿ ಆಗಾಗ ಸಿಕ್ಕರೂ ನಮ್ಮ ಕಡೆಯ ಕುದುರೆಯವರ ಬಾಯಿಂದ ಈ ಪದವನ್ನು ನಾನು ಕೇಳಿಲ್ಲ.

ಹಳೆಯ ಪದಗಳನ್ನು ಹೊಸವು ಬದಿಗೆ ಸರಿಸಿದ್ದು ಏಕೆಂಬುದಕ್ಕೆ ಉತ್ತರ ಕುದುರೆಗಳ ದಾರಿಯಲ್ಲಿಯೇ ಇದೆ. ದಖ್ಖನದ ಹವೆಯಲ್ಲಿ ದಂಡಿನ ಒಳ್ಳೆಯ ಕುದುರೆಗಳು ಹುಟ್ಟುತ್ತಿರಲಿಲ್ಲ, ಅರಬಸ್ತಾನ ಮತ್ತು ಪರ್ಶಿಯಾದ ಕಡೆಯಿಂದ ಹಡಗಿನಲ್ಲಿ ತರಿಸಬೇಕಾಗಿತ್ತು. 1347ರಲ್ಲಿ ಬಹಮನಿ ರಾಜ್ಯ ಸ್ಥಾಪನೆಯಾಗಿ ಕಲಬುರಗಿ ಅದರ ರಾಜಧಾನಿಯಾದ ಮೇಲೆ ಅರಮನೆಯ ಭಾಷೆಯೂ ಫಾರಸಿಯಾಯಿತು. 15ನೆಯ ಶತಮಾನದಲ್ಲಿ ರಷ್ಯಾದ ವ್ಯಾಪಾರಿ ಅಫನಾಸಿ ನಿಕಿತಿನ್ ಒಂದು ಗಂಡುಕುದುರೆಯನ್ನು ಜೊತೆಗೆ ತಂದು ಬೀದರಿನಲ್ಲಿ ಮಾರಿದನು. ಅವನು ಬರೆದಿಟ್ಟ ಟಿಪ್ಪಣಿಯಲ್ಲಿ ನಮ್ಮ ಆಳಂದದ ಜಾತ್ರೆಯ ವಿವರವಿದೆ, ಅಲ್ಲಿ 20,000 ಕುದುರೆಗಳು ಮಾರಾಟಕ್ಕೆ ಬರುತ್ತಿದ್ದವೆಂದು ಹೇಳುತ್ತಾನೆ. ವ್ಯಾಪಾರಿಯ ಲೆಕ್ಕವಾದ್ದರಿಂದ ಒಂದಿಷ್ಟು ಕಳೆದುಕೊಂಡೇ ನಂಬೋಣ. ಆದರೂ ಅಷ್ಟು ಕುದುರೆಗಳ ಜೊತೆ ಅವುಗಳನ್ನು ಪಳಗಿಸುವವರು, ಜೀನು ಹೊಲಿಯುವವರು, ಲಾಳ ಬಡಿಯುವವರು ಬಂದಿರಲೇಬೇಕು, ಅವರ ಬಾಯಿಂದ ಪದಗಳೂ ಬಂದವು. ಕಡಿವಾಣದ ಪಕ್ಕದಲ್ಲಿ ಲಗಾಮು ಬಂದು ನಿಂತಿತು. ‘ಚುರುಕು’ ಎಂಬ ಅರ್ಥದ ‘ಚಾಬುಕ್’ ನಮ್ಮ ಚಾಬೂಕವಾಯಿತು. ಕಾಲಿಡುವ ಕಬ್ಬಿಣದ ಬಳೆಗೆ ಇದ್ದ ‘ಅಂಕವಣೆ’ ಎಂಬ ಚಂದದ ಹೆಸರು ಮರೆಯಾಗಿ, ಏರುವುದು ಎಂಬ ಅರಬ್ಬಿ ಧಾತುವಿನಿಂದ ಹುಟ್ಟಿದ ‘ರಿಕಾಬು’ ಬಂದಿತು. ಅಂಕವಣೆ ಹೋದದ್ದು ನನಗೆ ಇಂದಿಗೂ ಬೇಸರದ ಸಂಗತಿ.

ಜೀನಿನ ಮೇಲೆ ಕುಳಿತವನ ಹೆಸರಂತೂ ಇವೆಲ್ಲಕ್ಕಿಂತ ಹಳೆಯದು. ‘ಸವಾರ’ನ ಮೂಲ ಪ್ರಾಚೀನ ಫಾರಸಿಯ ‘ಅಸಬಾರ’. ಸುಮಾರು 2,500 ವರ್ಷಗಳ ಹಿಂದಿನ ದೊರೆ ದಾರಯವಹುವು ನಕ್ಷ್-ಎ-ರುಸ್ತುಮಿನ ಬಂಡೆಯ ಮೇಲೆ ಕೆತ್ತಿಸಿದ ಶಾಸನದಲ್ಲಿ, ತಾನು ಒಳ್ಳೆಯ ಅಸಬಾರನೆಂದು ಹೇಳಿಕೊಂಡಿದ್ದಾನೆ. ಇದನ್ನು ಸಂಸ್ಕೃತಕ್ಕೆ ತಿರುಗಿಸಿದರೆ ‘ಅಶ್ವ’ ಮತ್ತು ‘ಭಾರ’, ಎಂದರೆ ಕುದುರೆ ತನ್ನ ಬೆನ್ನ ಮೇಲೆ ಹೊತ್ತ ಮನುಷ್ಯ. ಸೂಪರ್ ಮಾರ್ಕೆಟ್ಟಿನ ಆಟೋದವರು “ಮುಂಜಾನಿಂದ ಒಂದ್ ಸವಾರಿ ಸಿಕ್ಕಿಲ್ಲ” ಎಂದು ಗೊಣಗುವಾಗಲೂ, ಬೈಕ್ ಸವಾರ ಬಿದ್ದ ಸುದ್ದಿ ಪತ್ರಿಕೆಯಲ್ಲಿ ಬಂದಾಗಲೂ ಆ ಪದದೊಳಗೆ ಒಂದು ಕುದುರೆ ಇದ್ದೇ ಇರುತ್ತದೆ. ಮೊಹರಮ್ಮಿನಲ್ಲಿ ಅಲಾಯಿ ದೇವರು ಹೊರಡುವುದಕ್ಕೂ ನಾವು ಸವಾರಿಯೆಂದೇ ಅನ್ನುತ್ತೇವೆ. ಆ ದೇವರುಗಳಲ್ಲಿ ನಾಲ್ ಸಾಹೇಬ ಎಂಬುದು ಕುದುರೆಯ ಲಾಳದ ಆಕಾರದ್ದು. ಅರಬ್ಬಿಯಲ್ಲಿ ಕೆರಕ್ಕೂ ಲಾಳಕ್ಕೂ ‘ನಾಲ್’ ಎಂದೇ ಹೆಸರು, ಕನ್ನಡದ ನಾಲಗೆಯ ಮೇಲೆ ಅದರ ನಕಾರ ಲಕಾರವಾಗಿ ‘ಲಾಳ’ವಾಯಿತು. ನಾಲ ಬಡಿಯುವ ಮನೆತನದವರು ನಾಲಬಂದರು. ಕುದುರೆಗಳು ಕಡಿಮೆಯಾದ ಮೇಲೆ ಅವರ ಕೆಲಸ ಎತ್ತಿನ ಗೊರಸಿಗೆ ಇಳಿಯಿತು.

ಕಾರಹುಣ್ಣಿಮೆಗೆ ಎತ್ತಿನ ಮೈಮೇಲೆ ಹೊದಿಸುವ ಕನ್ನಡಿ ಬಿಲ್ಲೆಯ ಜೂಲವನ್ನೂ ನಿಘಂಟುಕಾರರು ಕುದುರೆಯ ಹೊದಿಕೆಗಿರುವ ‘ಜುಲ್’ ಎಂಬ ಅರಬ್ಬಿ ಪದಕ್ಕೆ ಒಯ್ದು ಮುಟ್ಟಿಸುತ್ತಾರೆ. ಮದುವೆಯ ಆ ರಾತ್ರಿ ಮದುಮಗನನ್ನು ಇಳಿಸಿದ ಮೇಲೆ ಕುದುರೆಯವನು ತಂಗ್ ಬಿಚ್ಚಿ, ಜೀನನ್ನು ಕಾಂಪೌಂಡ್ ಗೋಡೆಯ ಮೇಲೆ ಬೋರಲು ಹಾಕಿದನು. ಕೆಳಗಿನ ಹಾಸುಬಟ್ಟೆ ಬೆವರಿನಿಂದ ತೊಯ್ದು ಕಪ್ಪಾಗಿತ್ತು. ಅದಕ್ಕೆ ನಿಮ್ಮಲ್ಲಿ ಏನಂತಾರೆ ಎಂದು ಕೇಳಿದೆ. ಖೋಗೀರ್ ಎನ್ನುತ್ತಾನೆಂದು ಕಾದಿದ್ದ ನನಗೆ ಅವನು, “ಅದಕ್ಕೇನ್ರಿ ಹೆಸರು, ಹಳೀ ಕೌದಿ ಅದ” ಎಂದನು.